ಲೀನಾ ಕವಲಿಯೇರಿ: ಗೀತನಾಟಕದಿಂದ ಮೂಕಚಿತ್ರಕ್ಕೆ

ಗಾಯಕಿಯೊಬ್ಬಳು ತನ್ನ ಕಂಠವನ್ನು ಬದಿಗಿರಿಸಿ ಮುಖವೊಂದನ್ನೇ ಜನರೆದುರಿಗೆ ಒಡ್ಡಬೇಕಾಗಿ ಬಂದರೆ, ಆಕೆಯ ಕಲೆಯಲ್ಲಿ ಉಳಿಯುವುದೇನು? ಇಟಲಿ ದೇಶದ ಲೀನಾ ಕವಲಿಯೇರಿಯ ಚರಿತ್ರೆಯನ್ನು ವಿಚಾರಿಸುವವರಿಗೆ ಈ ಪ್ರಶ್ನೆ ತಪ್ಪಿದುದಲ್ಲ.

ಈಕೆ 1874ನೆಯ ಇಸವಿಯಲ್ಲಿ ಬಡವರ ಮನೆಯಲ್ಲಿ ಜನಿಸಿದಳು. ಎಳೆಯ ವಯಸ್ಸಿನಲ್ಲಿಯೇ ತಂದೆತಾಯಿಗಳನ್ನು ಕಳೆದುಕೊಂಡು ಕ್ರೈಸ್ತ ಸನ್ಯಾಸಿನಿಯರ ಅನಾಥಾಲಯವನ್ನು ಸೇರಿದಳು. ಅಲ್ಲಿಯ ಕಟ್ಟುಪಾಡನ್ನು ಸಹಿಸಲಾರದೆ ಊರೂರು ತಿರುಗುವ ನಾಟಕದವರೊಡನೆ ಓಡಿಹೋದಳು. ಕಾಫಿಗೃಹಗಳಲ್ಲಿ ಹಾಡುತ್ತಾ ಹಾಡುತ್ತಾ ಪ್ಯಾರಿಸಿನ ಫೋಲೀ ಬೆರ್ಜೇರ್ ವಿನೋದಶಾಲೆಯವರೆಗೂ ಏರಿದಳು. ಆಕೆಯ ರೂಪವನ್ನು ಕಂಡು ಬೆರಗಾದವರಿಗೆ ಲೆಕ್ಕವಿಲ್ಲ. ಅಲ್ಲಿಗೇ ತೃಪ್ತಳಾಗಿದ್ದರೆ ಸುಖವಾಗಿ ಬಾಳಬಹುದಾಗಿತ್ತು. ಆದರೆ ಆಕೆ ಹಾಗೆ ಮಾಡಲಿಲ್ಲ. ಮದ್ದಲೇನಾ ಮರಿಯಾನಿ ಮಾಸಿ ಎಂಬ ವಿದುಷಿಯ ಬಳಿ ಶಾಸ್ತ್ರೋಕ್ತವಾಗಿ ಕಂಠಸಾಧನೆಗೆ ತೊಡಗಿದಳು. ಈ ಗುರುವು ಸಾಮಾನ್ಯಳಲ್ಲ. 1876ರಲ್ಲಿ ಮಿಲಾನಿನ ಲಾ ಸ್ಕಾಲಾ ರಂಗಮಂದಿರದಲ್ಲಿ ಪೊಂಕಿಯೆಲ್ಲಿಯ 'ಲಾ ಜೊಕೊಂಡ' ಪ್ರಥಮತಃ ಪ್ರಯೋಗವಾದಾಗ ಅದರ ನಾಯಿಕೆಯಾಗಿ ಹಾಡಿದವಳು.

1900ರಲ್ಲಿ ಲಿಸ್ಬನ್ ನಗರದಲ್ಲಿ ಲೀನಾ 'ಪಲ್ಯಾಚಿ'ಯ ನೆಡ್ಡಳಾಗಿ ಗೀತನಾಟಕರಂಗವನ್ನೇರಿದಳು. ಸಭಿಕರು ಮೆಚ್ಚಲಿಲ್ಲ. ಎದೆಗುಂದದೆ ಅದೇ ವರ್ಷ ನೇಪಲ್ಸಿನಲ್ಲಿ ಪುಚ್ಚೀನಿಯ 'ಲಾ ಬೊಹೆಮ್'ನಲ್ಲಿ ಮಿಮಿಯ ಪಾತ್ರವನ್ನು ವಹಿಸಿದಳು. ಐದು ವರ್ಷಗಳಲ್ಲಿ, ಮಾಸ್ಸನೆಯ 'ಶೇರುಬಾಂ' ಮಾಂಟೆ ಕಾರ್ಲೋವಿನಲ್ಲಿ ಮೊದಲು ರಂಗವನ್ನು ಕಂಡಾಗ ಅದರ ಗಾಯಕಿಯರಲ್ಲಿ ಈಕೆಯೂ ಒಬ್ಬಳಾಗಿದ್ದಳು. 1906ನೆಯ ಡಿಸೆಂಬರ್ 5ರಂದು ನ್ಯೂಯಾರ್ಕಿನ ಮೆಟ್ರೊಪಾಲಿಟನ್ ರಂಗಮಂದಿರದಲ್ಲಿ ಎನ್ರಿಕೊ ಕರೂಸೋವಿನೊಡನೆ 'ಫೆದೋರ' ಹಾಡಿದಳು. ಅಂದು ರಂಗದ ಮೇಲೆಯೇ ಆತನನ್ನು ಆವೇಶದಿಂದ ಚುಂಬಿಸಿದುದು ಪತ್ರಿಕೆಗಳಿಗೆ ದೊಡ್ಡ ವಾರ್ತೆಯಾಯಿತು. ಸಂಗೀತಕ್ಕಿಂತ ಆ ಮುತ್ತಿನ ವಿಚಾರವೇ ಹೆಚ್ಚು ಹರಡಿತೆಂಬುದು ವಿಷಾದಕರ! ಮರುತಿಂಗಳಲ್ಲಿ, ಸ್ವತಃ ಪುಚ್ಚೀನಿಯ ಸಮ್ಮುಖದಲ್ಲಿ, ಆತನ 'ಮನೋನ್ ಲೆಸ್ಕೋ'ವಿನ ನಾಯಿಕೆಯಾಗಿ ಹಾಡಿದಳು.

1914ರಲ್ಲಿ ಇದೇ ಮನೋನಳ ಕಥೆ ಅಮೆರಿಕದಲ್ಲಿ ಚಲಚ್ಚಿತ್ರವಾಯಿತು. ನಾಯಿಕೆ ಲೀನಾ, ನಾಯಕ ಆಕೆಯ ಪತಿ, ಫ್ರೆಂಚ್ ಗಾಯಕ ಲೂಸಿಯೆನ್ ಮುರಾತೋರ್. ಇಬ್ಬರೂ ಹಾಡಿ ಹೆಸರಾದವರು, ಆದರೆ ತೆರೆಯ ಮೇಲೆ ಇಬ್ಬರೂ ಮೂಕರು. ಆಗಿನ ಚಿತ್ರಗಳಿಗೆ ವಾಣಿಯಿರಲಿಲ್ಲವಷ್ಟೆ. ಚಿತ್ರಮಂದಿರದ ಪಿಯಾನೋ ಅಥವಾ ವಾದ್ಯಮೇಳವೇ ಗತಿ. ಗೀತನಾಟಕದಲ್ಲಿ ಅಭಿನಯವು ಸ್ವರದ ಕಾಲವನ್ನು ಕಾದು ಸಾಗುತ್ತದೆ. ದೂರದ ಮಹಡಿಯಲ್ಲಿ ಕುಳಿತವರಿಗೂ ಕಾಣುವಂತೆ ತೋಳನ್ನು ಬೀಸಬೇಕು. ಕ್ಯಾಮರಾ ಬಯಸುವುದಾದರೋ ಹುಬ್ಬಿನ ಚಲನೆಯನ್ನು. ಆದುದರಿಂದ ರಂಗದಲ್ಲಿ ಗೆದ್ದ ಗಾಯಕರೆಲ್ಲರೂ ತೆರೆಯ ಮೇಲೆ ಗೆಲ್ಲಲಿಲ್ಲ. ಜೆರಾಲ್ಡೀನ್ ಫೆರಾರ್ 1915ರ 'ಕಾರ್ಮೆನ್' ಚಿತ್ರದಿಂದ ಹೆಸರಾದಳು. 1918ರಲ್ಲಿ ಸಿನಿಮಾವನ್ನು ಹೊಕ್ಕ ಕರೂಸೋ ಸೋತನು.

ಲೀನಾ ಮುಂದೆ ಇಟಲಿಯಲ್ಲಿಯೂ ಚಿತ್ರಗಳಲ್ಲಿ ನಟಿಸಿದಳು. 1917ರಲ್ಲಿ 'ದಿ ಎಟರ್ನಲ್ ಟೆಂಪ್ಟ್ರೆಸ್', ಅದರ ಮರುವರ್ಷ 'ಲವ್ಸ್ ಕಾಂಕ್ವೆಸ್ಟ್' ಮೊದಲಾದ ಅಮೆರಿಕದ ಚಿತ್ರಗಳು ಬಂದವು. ಹೆಸರುಗಳೇ ಹೇಳುವಂತೆ ನಿರ್ಮಾಪಕರು ಕೊಂಡುದು ಆಕೆಯ ಸೌಂದರ್ಯದ ಪ್ರತೀತಿಯನ್ನು, ದಶಕಗಳ ಸಾಧನೆಯನ್ನಲ್ಲ. ಆ ಸೌಂದರ್ಯವನ್ನು ಹಿಡಿದಿಟ್ಟ ಸುರುಳಿಗಳಾದರೂ ಬಹುಪಾಲು ನಷ್ಟವಾಗಿವೆ. 1910ರ ಸುಮಾರಿನಲ್ಲಿ ಕೊಲಂಬಿಯಾ ಕಂಪನಿಗೆ ಹಾಡಿದ ಕೆಲವು ಗ್ರಾಮಫೋನ್ ತಟ್ಟೆಗಳು ಮಾತ್ರ ಉಳಿದಿವೆ. ರೂಪವತಿಯೆಂದು ಪ್ರಸಿದ್ಧಳಾದವಳ ರೂಪವು ಚಿತ್ರದೊಡನೆ ಹೋಗಿ, ಸಂದೇಹಕ್ಕೊಳಗಾಗಿದ್ದ ಕಂಠವು ಉಳಿದುಕೊಂಡಿತು!

1944ರ ಫೆಬ್ರವರಿಯಲ್ಲಿ, ಫ್ಲಾರೆನ್ಸಿನ ಹತ್ತಿರದ ತನ್ನ ಮನೆಯ ಮೇಲೆ ಮಿತ್ರರಾಷ್ಟ್ರಗಳ ವಿಮಾನಗಳು ಬಾಂಬು ಸುರಿಸಿದಾಗ ಲೀನಾ ಮೃತಳಾದಳು. 1955ರಲ್ಲಿ ಆಕೆಯ ಜೀವನವನ್ನು ಕುರಿತು ಇಟಲಿಯಲ್ಲಿ ವಾಕ್ಚಿತ್ರವೊಂದು ತಯಾರಾಯಿತು. ಪಾತ್ರ ವಹಿಸಿದ ಜೀನಾ ಲೊಲ್ಲೊಬ್ರಿಜಿಡ ವೃತ್ತಿಯಿಂದ ನಟಿ. ಆದರೂ ಆ ಚಿತ್ರದಲ್ಲಿ ತನ್ನ ಸ್ವಂತ ಕಂಠದಿಂದಲೇ ಹಾಡಿದಳು.