ಆಚಂದ್ರಾರ್ಕವೆಂದು ಬರೆದ ಮಾತು: ರಿಚ್‌ಮಂಡ್ ನಗರದ ಒಂದು ಪ್ರತಿಮೆಯ ಇತಿಹಾಸ

ಒಂದು ಸಮಾಜವು ತಾನು ಆದರಿಸುವ ವ್ಯಕ್ತಿಯೊಬ್ಬನ ಪ್ರತಿಮೆಯನ್ನು ಊರಿನ ನಡುವೆ ನಿಲ್ಲಿಸಿ, ಅದನ್ನು ಎಂದೆಂದಿಗೂ ಕಾಪಾಡಿಕೊಂಡು ಬರುವುದಾಗಿ ಬರೆದುಕೊಟ್ಟರೆ, ಆ ಬರಹಕ್ಕೆ ಮುಂದಿನ ತಲೆಮಾರಿನವರು ಎಷ್ಟರ ಮಟ್ಟಿಗೆ ಬದ್ಧರು? ದತ್ತಿಗಳನ್ನು ಆಚಂದ್ರಾರ್ಕವಾಗಿ ನಡೆಸಿಕೊಂಡು ಬರಬೇಕೆಂಬ ಪರಂಪರೆಯಲ್ಲಿ ಬೆಳೆದ ನಮಗೆ ಈ ಪ್ರಶ್ನೆ ಅಪರಿಚಿತವಲ್ಲ. ಅಮೆರಿಕದ ವರ್ಜೀನಿಯ ರಾಜ್ಯದಲ್ಲಿ ಇದೇ ಪ್ರಶ್ನೆ ಅಲ್ಲಿಯ ಸುಪ್ರೀಂ ಕೋರ್ಟಿನವರೆಗೆ ಹೋಗಿ 2021ರಲ್ಲಿ ಇತ್ಯರ್ಥವಾಯಿತು. ಅಂತರ್ಯುದ್ಧದ ಸ್ಮಾರಕಗಳನ್ನು ಕುರಿತು ಆ ದೇಶದಲ್ಲಿ ನಡೆದ, ಇನ್ನೂ ನಡೆಯುತ್ತಿರುವ ವಾದವಿವಾದದ ತಿರುಳು ಆ ಒಂದು ಪ್ರಕರಣದಲ್ಲಿ ಅಡಗಿದೆ. ಆದುದರಿಂದ ಅದನ್ನು ಮೊದಲಿನಿಂದ ಅವಲೋಕಿಸುವುದು ಉಚಿತ.

1861ರಿಂದ 1865ರವರೆಗೆ ನಡೆದ ಆ ಯುದ್ಧದಲ್ಲಿ ಸತ್ತವರ ಸಂಖ್ಯೆ ಸುಮಾರು 6,20,000 ಎಂಬುದು ಬಹುಕಾಲ ಒಪ್ಪಿಕೊಂಡು ಬಂದ ಲೆಕ್ಕ. ಈಚಿನ ಸಂಶೋಧನೆಗಳು ಅದಕ್ಕಿಂತಲೂ ಹೆಚ್ಚೆಂದು ಹೇಳುತ್ತವೆ. ದಕ್ಷಿಣದ 11 ರಾಜ್ಯಗಳು ದೇಶದ ಒಕ್ಕೂಟದಿಂದ ಹೊರಬಂದು ತಮ್ಮದೇ ಪ್ರತ್ಯೇಕ ಒಕ್ಕೂಟವನ್ನು ಕಟ್ಟಿಕೊಂಡವು. ಕಾರಣವೇನೆಂಬುದನ್ನು ಅವು ಮುಚ್ಚಿಡಲಿಲ್ಲ. ತನ್ನ ನಿಲುವು ಗುಲಾಮಗಿರಿಯ ಪದ್ಧತಿಯೊಂದಿಗೆ ಬೇರ್ಪಡಿಸಲಾಗದಂತೆ ಬೆಸೆದುಕೊಂಡಿದೆಯೆಂದು ಮಿಸಿಸಿಪಿ ರಾಜ್ಯವು 1861ರ ಜನವರಿಯ ತನ್ನ ಘೋಷಣೆಯಲ್ಲಿ ತಾನೇ ಸಾರಿತು. ಆಗ ಆ ದೇಶದಲ್ಲಿ ಸುಮಾರು 40 ಲಕ್ಷ ಜನರು ಗುಲಾಮರಾಗಿದ್ದರು. ಪ್ರತ್ಯೇಕ ಒಕ್ಕೂಟದ ರಾಜಧಾನಿಯಾದ ರಿಚ್‌ಮಂಡ್ ನಗರವೇ ಮನುಷ್ಯರನ್ನು ಹರಾಜಿಗಿಡುವ ಬಹು ದೊಡ್ಡ ಪೇಟೆಗಳಲ್ಲಿ ಒಂದಾಗಿತ್ತು. ದಕ್ಷಿಣದ ಸೇನಾಪತಿ ರಾಬರ್ಟ್ ಲೀ 1865ರ ಏಪ್ರಿಲ್ 9ರಂದು ಶರಣಾದನು. ಅದೇ ವರ್ಷದ ಕೊನೆಗೆ ಗುಲಾಮಗಿರಿಯೂ ಕಾನೂನಿನಿಂದ ಅಳಿಯಿತು.

ಸೋತವರಿಗೂ ಶೋಕವಿತ್ತು. 1869ರಲ್ಲಿ ರಿಚ್‌ಮಂಡಿನ ಹಾಲಿವುಡ್ ಎಂಬ ಸ್ಮಶಾನದಲ್ಲಿ, ಮಡಿದ ಸುಮಾರು 18,000 ಯೋಧರ ನೆನಪಿಗಾಗಿ ಅಲ್ಲಿಯ ಮಹಿಳೆಯರ ಸಂಘವೊಂದು 90 ಅಡಿ ಎತ್ತರದ ಕಗ್ಗಲ್ಲಿನ ಪಿರಮಿಡ್ಡನ್ನು ಕಟ್ಟಿಸಿತು. ಅದರ ನೆತ್ತಿಯ ಮೇಲೆ ಯಾವ ಸೇನಾಪತಿಯ ಮೂರ್ತಿಯೂ ಇಲ್ಲ. ಅದೇ 1869ರಲ್ಲಿ, ಗೆಟಿಸ್‌ಬರ್ಗ್ ರಣರಂಗದಲ್ಲಿ ಸ್ಮಾರಕಗಳ ಸ್ಥಾನಗಳನ್ನು ಗುರುತಿಸಲು ಬರಬೇಕೆಂಬ ಆಹ್ವಾನ ಲೀಗೆ ಬಂದಿತು. ಯುದ್ಧದ ಗಾಯಗಳನ್ನು ಹಸಿಯಾಗಿ ಉಳಿಸಿಕೊಳ್ಳುವುದಕ್ಕಿಂತ ಅಂತಃಕಲಹದ ಗುರುತುಗಳನ್ನು ಅಳಿಸಲೆತ್ನಿಸಿದ ದೇಶಗಳ ದಾರಿಯನ್ನು ಹಿಡಿಯುವುದೇ ವಿವೇಕವೆಂಬ ಅರ್ಥದಲ್ಲಿ ಉತ್ತರ ಬರೆದು ಅವನು ಆಹ್ವಾನವನ್ನು ನಿರಾಕರಿಸಿದನು. ಮರುವರ್ಷವೇ ತೀರಿಕೊಂಡನು. ಮುಂದೆ ಅವನ ಹೆಸರಿನಲ್ಲಿ ನಡೆದುದೆಲ್ಲ ಆ ಮಾತಿಗೆ ವಿರುದ್ಧವಾಗಿಯೇ ನಡೆಯಿತು.

1890ರ ಮೇ 29ರಂದು ರಿಚ್‌ಮಂಡಿನಲ್ಲಿ ಲೀಯ ಅಶ್ವಾರೂಢ ಪ್ರತಿಮೆಯ ಅನಾವರಣವಾಯಿತು. ಫ್ರೆಂಚ್ ಶಿಲ್ಪಿ ಆಂತೋನಿನ್ ಮೆರ್ಸಿಯೆ ರೂಪಿಸಿದ ಆ ಕಂಚಿನ ಪ್ರತಿಮೆ 21 ಅಡಿ ಎತ್ತರದ್ದು. ಪೀಠವೂ ಸೇರಿದರೆ ಸುಮಾರು 60 ಅಡಿ. ಅದರ ಭಾಗಗಳನ್ನು ಹೇರಿದ ಬಂಡಿಗಳನ್ನು ಸಾವಿರಾರು ನಾಗರಿಕರು ಹಗ್ಗ ಹಿಡಿದು ಎಳೆದು ತಂದಿದ್ದರು. ಊರಿನ ಹೊರಗಿನ ಹೊಲದಲ್ಲಿ ಅದಕ್ಕೆ ಸ್ಥಳ ಕೊಟ್ಟ ಭೂಮಾಲೀಕ ಕುಟುಂಬವು 1887ರಲ್ಲಿ ಒಂದು ಪತ್ರವನ್ನೂ, ಪ್ರತಿಮೆಯನ್ನು ಸರ್ಕಾರಕ್ಕೆ ಒಪ್ಪಿಸುವಾಗ 1890ರಲ್ಲಿ ಇನ್ನೊಂದು ಪತ್ರವನ್ನೂ ಬರೆಯಿಸಲಾಯಿತು. ಆ ನೆಲವನ್ನು ಎಂದೆಂದಿಗೂ ಸ್ಮಾರಕಕ್ಕೇ ಮೀಸಲಿಡುವುದಾಗಿಯೂ, ಪ್ರತಿಮೆಯನ್ನು ನಿಷ್ಠೆಯಿಂದ ಕಾಯ್ದು ಪ್ರೀತಿಯಿಂದ ರಕ್ಷಿಸುವುದಾಗಿಯೂ ವರ್ಜೀನಿಯ ಸರ್ಕಾರ ವಚನವಿತ್ತಿತು.

ಆ ವಚನವನ್ನು ಯಾರ ಪರವಾಗಿ ಕೊಡಲಾಯಿತು? ಈ ಪ್ರಶ್ನೆಯನ್ನು ಅಂದೇ ಎತ್ತಿದವರು ಜಾನ್ ಮಿಚೆಲ್. 1863ರಲ್ಲಿ ಗುಲಾಮಗಿರಿಯಲ್ಲಿಯೇ ಹುಟ್ಟಿದ ಇವರು 21ನೆಯ ವಯಸ್ಸಿನಲ್ಲಿ ರಿಚ್‌ಮಂಡಿನ ಕಪ್ಪು ಜನರ ಪತ್ರಿಕೆಯಾದ 'ಪ್ಲಾನೆಟ್' ವಾರಪತ್ರಿಕೆಯ ಸಂಪಾದಕತ್ವವನ್ನು ವಹಿಸಿಕೊಂಡರು. ನಗರಸಭೆಯ ಸದಸ್ಯರೂ ಆಗಿದ್ದರು. ಹಳೆಯ ಧ್ಯೇಯವನ್ನು ಹೀಗೆ ಆರಾಧಿಸುವುದು ಮುಂದಿನ ಪೀಳಿಗೆಗಳಿಗೆ ಕೇಡಿನ ಪಿತ್ರಾರ್ಜಿತವನ್ನು ಬಿಟ್ಟುಹೋಗುವುದೆಂದು ಅವರು ಎಚ್ಚರಿಸಿದರು. ಈ ಪ್ರತಿಮೆಯನ್ನು ಎತ್ತಿ ನಿಲ್ಲಿಸಲು ಕಪ್ಪು ಜನರ ಕೈಗಳೇ ಬೇಕಾದವು. ಇಳಿಸುವ ಕಾಲ ಬಂದರೆ ಅದಕ್ಕೂ ಆ ಕೈಗಳು ಸಿದ್ಧವಾಗಿರುವುವು ಎಂಬ ಭಾವವನ್ನೂ ಅವರ ಪತ್ರಿಕೆ ಪ್ರಕಟಿಸಿತು.

ಅವರ ಎಚ್ಚರಿಕೆ ಸುಳ್ಳಾಗಲಿಲ್ಲ. 1902ರ ವರ್ಜೀನಿಯ ಸಂವಿಧಾನವು ಮತಗಂದಾಯವೇ ಮೊದಲಾದ ಉಪಾಯಗಳಿಂದ ಬಹುಪಾಲು ಕಪ್ಪು ಪ್ರಜೆಗಳ ಮತಾಧಿಕಾರವನ್ನು ಕಿತ್ತುಕೊಂಡಿತು. ಯುದ್ಧಸ್ಮಾರಕಗಳನ್ನು ಸ್ಥಳೀಯ ಆಡಳಿತಗಳು ಕದಲಿಸದಂತೆ ತಡೆಯುವ ಕಾನೂನು 1904ರಲ್ಲಿ ಬಂದಿತು. ಲೀ ನಿಂತಿದ್ದ ಅದೇ ಬೀದಿಯಲ್ಲಿ 1907ರಲ್ಲಿ ಪ್ರತ್ಯೇಕ ಒಕ್ಕೂಟದ ಅಧ್ಯಕ್ಷ ಜೆಫರ್ಸನ್ ಡೇವಿಸ್ ಮತ್ತು ಸೇನಾನಿ ಸ್ಟೂವರ್ಟ್, 1919ರಲ್ಲಿ ಜಾಕ್ಸನ್, 1929ರಲ್ಲಿ ಮೋರಿ ಇವರ ಪ್ರತಿಮೆಗಳು ಸಾಲಾಗಿ ಎದ್ದವು. ದಕ್ಷಿಣದ ಇತರ ಊರುಗಳಲ್ಲಿಯೂ ಇಂಥ ಸ್ಮಾರಕಗಳಲ್ಲಿ ಹೆಚ್ಚಿನವು ನಿಂತುದು ಯುದ್ಧ ಮುಗಿದ ಮರುದಿನಗಳಲ್ಲಲ್ಲ. ಇಪ್ಪತ್ತನೆಯ ಶತಮಾನದ ಮೊದಲ ಎರಡು ಮೂರು ದಶಕಗಳಲ್ಲಿ, ವರ್ಣಭೇದದ ಕಾನೂನುಗಳು ಬಿಗಿಯಾಗುತ್ತಿದ್ದಾಗ. ಅವು ನಿಂತುದು ಸ್ಮಶಾನದಲ್ಲಿ ಅಲ್ಲ, ನ್ಯಾಯಾಲಯದ ಬಾಗಿಲಿನಲ್ಲಿ. ನ್ಯಾಯ ಬೇಡಿ ಬರುವ ಕಪ್ಪು ಪ್ರಜೆ ಮೊದಲು ಯಾರ ಮುಖವನ್ನು ನೋಡಬೇಕೆಂಬುದನ್ನು ಆ ಕಲ್ಲುಗಳು ನಿರ್ಧರಿಸಿದ್ದವು.

ಸ್ಮರಣೆಯ ಈ ಆಯ್ಕೆ ಎಷ್ಟು ಏಕಪಕ್ಷೀಯವಾಗಿತ್ತೆಂಬುದಕ್ಕೆ ಜೇಮ್ಸ್ ಲಾಂಗ್‌ಸ್ಟ್ರೀಟ್ ಎಂಬ ಸೇನಾನಿಯ ನಿದರ್ಶನ ಸಾಕು. ಲೀಯ ಬಲಗೈಯಂತಿದ್ದ ಈತನು ಯುದ್ಧಾನಂತರ ಸೋಲನ್ನು ಒಪ್ಪಿಕೊಂಡು, ಲಿಂಕನ್ನರ ಪಕ್ಷವನ್ನು ಸೇರಿದನು. 1874ರಲ್ಲಿ ನ್ಯೂ ಆರ್ಲಿಯನ್ಸ್ ನಗರದಲ್ಲಿ ಚುನಾಯಿತ ಸರ್ಕಾರದ ರಕ್ಷಣೆಗಾಗಿ ಕಪ್ಪು ಸೈನಿಕರನ್ನೂ ಒಳಗೊಂಡ ದಳವನ್ನು ನಡೆಸಿ, ತನ್ನ ಹಳೆಯ ಜೊತೆಗಾರರ ವಿರುದ್ಧವೇ ನಿಂತನು. ಗೆಟಿಸ್‌ಬರ್ಗ್ ರಣರಂಗದಲ್ಲಿ ಅವನ ಪ್ರತಿಮೆ ನಿಲ್ಲಲು 1998ರವರೆಗೆ ಕಾಯಬೇಕಾಯಿತು. ಶೌರ್ಯಕ್ಕಾಗಿಯೇ ಪ್ರತಿಮೆಗಳನ್ನು ನಿಲ್ಲಿಸಿದ್ದರೆ ಹೀಗಾಗುತ್ತಿರಲಿಲ್ಲ.

ಹಾಗೆಂದು ಎದುರುಪಕ್ಷದ ಮಾತನ್ನು ಕೇಳದೆ ಬಿಡುವುದು ನ್ಯಾಯವಲ್ಲ. ಪ್ರತಿಮೆಗಳು ಉಳಿಯಬೇಕೆನ್ನುವವರೆಲ್ಲರೂ ದ್ವೇಷಿಗಳಲ್ಲ. ತನ್ನ ಮುತ್ತಜ್ಜ ಮಡಿದುದನ್ನು ನೆನೆಯುವವರು, ಊರಿನ ಸೊಬಗು ಕೆಡುವುದೆಂದು ನೊಂದವರು, ಇಂದು ಒಂದನ್ನು ಇಳಿಸಿದರೆ ನಾಳೆ ಯಾವುದು ಉಳಿದೀತೆಂದು ಅಂಜಿದವರು ಅವರಲ್ಲಿದ್ದಾರೆ. ಇತಿಹಾಸವನ್ನು ಅಳಿಸಬಾರದೆಂಬ ಅವರ ವಾದದಲ್ಲಿ ತೂಕವೂ ಇದೆ. ಆದರೆ ಇತಿಹಾಸವನ್ನು ತಿಳಿಯುವುದು ಒಂದು. ವ್ಯಕ್ತಿಯೊಬ್ಬನನ್ನು 60 ಅಡಿ ಎತ್ತರದಲ್ಲಿರಿಸಿ ತಲೆಯೆತ್ತಿ ನೋಡುವಂತೆ ಮಾಡುವುದು ಇನ್ನೊಂದು. ಮೊದಲನೆಯದು ಜ್ಞಾನ, ಎರಡನೆಯದು ಗೌರವ. ಗೌರವವನ್ನು ಹಿಂತೆಗೆದುಕೊಂಡ ಮಾತ್ರಕ್ಕೆ ಜ್ಞಾನ ನಷ್ಟವಾಗುವುದಿಲ್ಲ.

ಈ ವಾದ ಮಾತಿನಲ್ಲಿಯೇ ಉಳಿಯದೆ ರಕ್ತಪಾತಕ್ಕೂ ಕಾರಣವಾದುದು ವಿಷಾದದ ಸಂಗತಿ. 2015ರ ಜೂನ್ 17ರಂದು ಚಾರ್ಲ್ಸ್‌ಟನ್ ನಗರದ ಚರ್ಚಿನಲ್ಲಿ ಒಂಬತ್ತು ಮಂದಿ ಕಪ್ಪು ಭಕ್ತರನ್ನು ವರ್ಣದ್ವೇಷಿಯೊಬ್ಬನು ಕೊಂದನು; ದಕ್ಷಿಣದ ಹಳೆಯ ಧ್ವಜದೊಡನೆ ಅವನು ತೆಗೆಸಿಕೊಂಡಿದ್ದ ಚಿತ್ರಗಳು ಆ ದೇಶವನ್ನು ಬೆಚ್ಚಿಬೀಳಿಸಿದವು. 2017ರ ಆಗಸ್ಟ್ 12ರಂದು ವರ್ಜೀನಿಯದ ಷಾರ್ಲಟ್ಸ್‌ವಿಲ್‌ನಲ್ಲಿ, ಲೀಯ ಇನ್ನೊಂದು ಪ್ರತಿಮೆಯನ್ನು ತೆಗೆಯುವ ನಿರ್ಣಯವನ್ನು ವಿರೋಧಿಸಿ ಬಿಳಿಯ ಜನಾಂಗವಾದಿಗಳು ನೆರೆದ ದಿನ, ಅವರನ್ನು ಪ್ರತಿಭಟಿಸಿದವರ ಗುಂಪಿನ ಮೇಲೆ ಒಬ್ಬನು ಕಾರು ಹರಿಸಿ ಯುವತಿಯೊಬ್ಬಳ ಪ್ರಾಣ ತೆಗೆದನು. 2020ರ ಮೇ ತಿಂಗಳಲ್ಲಿ ಮಿನಿಯಾಪೊಲಿಸ್‌ನಲ್ಲಿ ಪೊಲೀಸನೊಬ್ಬನ ಮೊಣಕಾಲಿನಡಿ ಜಾರ್ಜ್ ಫ್ಲಾಯ್ಡ್ ಅಸುನೀಗಿದ ಮೇಲೆ ಜನಾಕ್ರೋಶ ಕಟ್ಟೆಯೊಡೆಯಿತು. ರಿಚ್‌ಮಂಡಿನಲ್ಲಿ ಡೇವಿಸ್ ಪ್ರತಿಮೆಯನ್ನು ಗುಂಪೊಂದು ರಾತ್ರಿಯಲ್ಲಿ ಕೆಡವಿತು. ಲೀಯ ಪ್ರತಿಮೆಯನ್ನು ತೆಗೆಸುವುದಾಗಿ ಜೂನ್ 4ರಂದು ರಾಜ್ಯಪಾಲ ರಾಲ್ಫ್ ನಾರ್ತಮ್ ಪ್ರಕಟಿಸಿದರು.

ಆಗ ಹಳೆಯ ಪತ್ರಗಳು ಹೊರಬಂದವು. ಭೂಮಿ ಕೊಟ್ಟ ಕುಟುಂಬದ ವಂಶಸ್ಥರೊಬ್ಬರೂ ಆ ಬೀದಿಯ ಕೆಲವು ನಿವಾಸಿಗಳೂ, ಸರ್ಕಾರ ತನ್ನ ವಚನವನ್ನು ಮೀರಕೂಡದೆಂದು ದಾವೆ ಹೂಡಿದರು. ವಾದಕ್ಕೆ ಬಲವಿತ್ತು, ವಚನ ಕೊಟ್ಟಿದ್ದುದು ನಿಜ, ಬರಹದಲ್ಲಿದ್ದುದೂ ನಿಜ. 2021ರ ಸೆಪ್ಟೆಂಬರ್ 2ರಂದು ವರ್ಜೀನಿಯದ ಸುಪ್ರೀಂ ಕೋರ್ಟು ಒಮ್ಮತದಿಂದ ತೀರ್ಪಿತ್ತಿತು. ಸರ್ಕಾರದ ನೆಲದಲ್ಲಿ ಸರ್ಕಾರ ನಿಲ್ಲಿಸಿಕೊಂಡ ಪ್ರತಿಮೆಯು ಸರ್ಕಾರದ ಮಾತೇ ಆಗಿದೆ. ತಾನು ಇಂದು ಒಪ್ಪದ ಮಾತನ್ನು ಎಂದೆಂದಿಗೂ ಆಡುತ್ತಲೇ ಇರಬೇಕೆಂದು ಪ್ರಜಾಸರ್ಕಾರವೊಂದನ್ನು ಹಿಂದಿನವರ ಕರಾರಿನಿಂದ ಕಟ್ಟಿಹಾಕಲಾಗದು ಎಂಬುದು ಅದರ ಸಾರ. ಆರು ದಿನಗಳ ಬಳಿಕ, 131 ವರ್ಷ ನಿಂತಿದ್ದ ಪ್ರತಿಮೆಯನ್ನು ಇಳಿಸಲಾಯಿತು. ಗುತ್ತಿಗೆ ಹಿಡಿದ ಸಂಸ್ಥೆಯ ಒಡೆಯರು ಕಪ್ಪು ಜನಾಂಗದವರು. ಮಿಚೆಲ್ಲರ ಪತ್ರಿಕೆಯ ಮಾತು ಅಕ್ಷರಶಃ ನಡೆಯಿತು.

ಇಳಿಸಿದ ಮೇಲೇನು ಎಂಬುದೂ ಧರ್ಮಸೂಕ್ಷ್ಮವೇ. ರಿಚ್‌ಮಂಡಿನ ಪ್ರತಿಮೆಗಳನ್ನು ಅಲ್ಲಿಯ ಕಪ್ಪು ಜನರ ಇತಿಹಾಸದ ವಸ್ತುಸಂಗ್ರಹಾಲಯಕ್ಕೆ ಒಪ್ಪಿಸಲಾಯಿತು. ಡೇವಿಸ್ ಪ್ರತಿಮೆಯನ್ನು ವ್ಯಾಲೆಂಟೈನ್ ಎಂಬ ನಗರ ವಸ್ತುಸಂಗ್ರಹಾಲಯದಲ್ಲಿ, ಬಿದ್ದ ಭಂಗಿಯಲ್ಲಿಯೇ, ಮೈಮೇಲಿನ ಬಣ್ಣವನ್ನು ತೊಳೆಯದೆ ಪ್ರದರ್ಶಿಸಲಾಯಿತು. ಷಾರ್ಲಟ್ಸ್‌ವಿಲ್‌ನ ಲೀ ಪ್ರತಿಮೆಯನ್ನು 2023ರ ಅಕ್ಟೋಬರಿನಲ್ಲಿ ಕರಗಿಸಿ, ಆ ಕಂಚಿನಿಂದ ಹೊಸ ಕೃತಿ ರಚಿಸುವ ಯೋಜನೆ ಹಾಕಿಕೊಂಡರು. ರಿಚ್‌ಮಂಡಿನ ಇನ್ನೊಬ್ಬ ಸೇನಾನಿ ಹಿಲ್‌ನ ಪ್ರತಿಮೆಯ ಕೆಳಗೆ ಅವನ ಅಸ್ಥಿಗಳೇ ಇದ್ದವು. ಅವನ್ನು ತೆಗೆದು 2023ರಲ್ಲಿ ಅವನ ಹುಟ್ಟೂರಿನ ಕಡೆಯ ಸ್ಮಶಾನದಲ್ಲಿ ವಿಧಿವತ್ತಾಗಿ ಮಣ್ಣುಮಾಡಲಾಯಿತು. ಪ್ರತಿಮೆಗೆ ಸಲ್ಲದ ಗೌರವವೂ ಮೃತನ ದೇಹಕ್ಕೆ ಸಲ್ಲುತ್ತದೆಂಬುದನ್ನು ಇಲ್ಲಿ ಗಮನಿಸಬೇಕು.

ವಿವಾದ ಇಲ್ಲಿಗೆ ಮುಗಿಯಲಿಲ್ಲ. 2020ರಲ್ಲಿ ವಾಷಿಂಗ್ಟನ್ನಿನಲ್ಲಿ ಗುಂಪೊಂದು ಕೆಡವಿದ್ದ ದಕ್ಷಿಣದ ಸೇನಾನಿ ಪೈಕ್‌ನ ಪ್ರತಿಮೆಯನ್ನು 2025ರ ಅಕ್ಟೋಬರಿನಲ್ಲಿ ಪುನಃ ನಿಲ್ಲಿಸಲಾಯಿತು. ಆರ್ಲಿಂಗ್ಟನ್ ಸೈನಿಕ ಸ್ಮಶಾನದಿಂದ 2023ರ ಡಿಸೆಂಬರಿನಲ್ಲಿ ತೆಗೆದ ಸ್ಮಾರಕವನ್ನು ಮರಳಿ ಸ್ಥಾಪಿಸುವುದಾಗಿಯೂ 2025ರಲ್ಲಿ ಘೋಷಣೆಯಾಯಿತು. ಅಧಿಕಾರ ಬದಲಾದಂತೆ ಕಲ್ಲುಗಳು ಏಳುವುದೂ ಬೀಳುವುದೂ ಆದರೆ ಯಾರ ಮನಸ್ಸೂ ತಿದ್ದುವುದಿಲ್ಲ. ರಾತ್ರಿ ಹಗ್ಗ ಹಾಕಿ ಎಳೆದುದಕ್ಕೂ, ವರ್ಷಾನುಗಟ್ಟಲೆ ಇಬ್ಬರ ವಾದವನ್ನೂ ಆಲಿಸಿ ಹಗಲಿನಲ್ಲಿ ಇಳಿಸಿದುದಕ್ಕೂ ಇರುವ ಅಂತರ ಇಲ್ಲಿಯೇ ಇದೆ. ಮೊದಲನೆಯದು ಗೆಲುವನ್ನಷ್ಟೇ ತರುತ್ತದೆ. ಎರಡನೆಯದು ಸೋತವನಿಗೂ ತನ್ನ ಮಾತನ್ನು ಕೇಳಿದರೆಂಬ ಸಮಾಧಾನವನ್ನು ಉಳಿಸುತ್ತದೆ.

ಮೊದಲ ಪ್ರಶ್ನೆಗೆ ಮರಳೋಣ. ಹಿರಿಯರ ವಚನವನ್ನು ಪಾಲಿಸುವುದು ಸದ್ಗುಣವೇ; ಅದನ್ನು ಲಘುವಾಗಿ ಮುರಿಯುವ ಸಮಾಜದಲ್ಲಿ ಯಾವ ದತ್ತಿಯೂ ನಿಲ್ಲದು. ಆದರೆ ತನ್ನ ಪಾಲನ್ನು ಕೊಡುವೆನೆಂಬುದು ವಚನ. ನೆರೆಯವನ ಮಾನವನ್ನು ಒತ್ತೆಯಿಟ್ಟು ಕೊಟ್ಟ ಮಾತು ವಚನವಲ್ಲ. 1890ರ ಪತ್ರದಲ್ಲಿ ರಿಚ್‌ಮಂಡಿನ ಕಪ್ಪು ಪ್ರಜೆಗಳ ಒಪ್ಪಿಗೆಯಿರಲಿಲ್ಲ. ಅವರ ವಿರೋಧವನ್ನು ಲೆಕ್ಕಕ್ಕೆ ತೆಗೆದುಕೊಳ್ಳಲೂ ಇಲ್ಲ. ಸಾರ್ವಜನಿಕ ನೆಲದಲ್ಲಿ ಹೆಸರು ಕೆತ್ತಿಸುವ, ಮೂರ್ತಿ ನಿಲ್ಲಿಸುವ ಯಾವ ಸಂಸ್ಥೆಗಾದರೂ ಇದರಲ್ಲಿ ಒಂದು ಪಾಠವಿದೆ. ಕಲ್ಲು ಎಷ್ಟು ಗಟ್ಟಿಯೆಂದು ವಿಚಾರಿಸುವ ಮೊದಲು, ದಿನವೂ ಅದರೆದುರು ಹಾದುಹೋಗುವವರಲ್ಲಿ ಯಾರನ್ನು ನಾವು ಕೇಳಲಿಲ್ಲವೆಂಬುದನ್ನು ವಿಚಾರಿಸಬೇಕು.

ಲೀಯ ಪೀಠವಿದ್ದ ಜಾಗ ಇಂದು ಬರಿದಾಗಿದೆ. ಹಾಲಿವುಡ್ ಸ್ಮಶಾನದಲ್ಲಿ 1869ರ ಆ ಪಿರಮಿಡ್ಡು ಇಂದಿಗೂ ನಿಂತಿದೆ.