ಕಂದಾಚಾರದ ಕಾಲಾಳು ಮನೆಗೆ ಮರಳಿದುದು

1799ನೆಯ ಮೇ 4ರಂದು ಶ್ರೀರಂಗಪಟ್ಟಣದ ಕೋಟೆ ಬಿದ್ದಿತು. ಟಿಪ್ಪು ಸುಲ್ತಾನನು ಮಡಿದನು. ಚರಿತ್ರೆಯ ಪುಸ್ತಕಗಳು ಇಲ್ಲಿಂದ ಅರಮನೆಯತ್ತ ತಿರುಗಿ, ಜೂನ್ 30ರ ಪಟ್ಟಾಭಿಷೇಕವನ್ನು ವರ್ಣಿಸುವುವು. ಆದರೆ ಒಡೆಯನನ್ನು ಕಳೆದುಕೊಂಡ ಸಾವಿರಾರು ಸಿಪಾಯಿಗಳ ಗತಿಯೇನಾಯಿತು? ಈ ಪ್ರಶ್ನೆಯನ್ನು ನಾವು ಮೈಸೂರಿನ ತೆಂಕಣ ಗಡಿಯಿಂದ ನೋಡುವುದು ಲೇಸು. ಇಂದಿನ ಚಾಮರಾಜನಗರವು ಆಗ ಅರಿಕುಠಾರವೆಂಬ ಊರು. ಮುಮ್ಮಡಿ ಕೃಷ್ಣರಾಜ ಒಡೆಯರು ತಮ್ಮ ತಂದೆಯ ಜನ್ಮಸ್ಥಳವೆಂದು 1818ರಲ್ಲಿ ಅದಕ್ಕೆ ಹೊಸ ಹೆಸರನ್ನಿತ್ತರು. ಗುಂಡ್ಲುಪೇಟೆಯ ಆಚೆಗೆ ಕಾಡು, ಕಾಡಿನಾಚೆಗೆ ವಯನಾಡು. ಅಲ್ಲಿ ಪಳಸ್ಸಿ ರಾಜನ ಹೋರಾಟವು 1805ರವರೆಗೂ ನಡೆಯಿತು.

ಕತ್ತಿಯನ್ನಲ್ಲದೆ ಬೇರೆ ಜೀವನೋಪಾಯವನ್ನು ಕಾಣದವನಿಗೆ ಯುದ್ಧವು ಮುಗಿದುದೇ ಒಂದು ಆಪತ್ತು. ಉತ್ತರದಲ್ಲಿ ಧೋಂಡಿಯ ವಾಘನು ಇಂತಹ ನಿರುದ್ಯೋಗಿಗಳನ್ನೇ ಕೂಡಿಸಿಕೊಂಡು ಮೆರೆದು, 1800ರ ಸೆಪ್ಟೆಂಬರಿನಲ್ಲಿ ಹತನಾದನು. ದಿವಾನ್ ಪೂರ್ಣಯ್ಯನವರು ಇದರ ಅರ್ಥವನ್ನು ಚೆನ್ನಾಗಿ ಗ್ರಹಿಸಿದ್ದರು. ಹಿಂದಿನಿಂದ ಬಂದ ಕಂದಾಚಾರವೆಂಬ ಕಾಲಾಳುಗಳ ಏರ್ಪಾಟನ್ನು ಅವರು ಕ್ರಮಪಡಿಸಿದರು. (ಕಂದಾಚಾರವೆಂದೊಡನೆ ನಮಗೆ ಕುರುಡು ಸಂಪ್ರದಾಯವು ನೆನಪಾಗುವುದು, ಇಲ್ಲಿ ಆ ಮಾತಿಲ್ಲ.) ಮಾರ್ಕ್ ವಿಲ್ಕ್ಸನ ವರದಿಯಿಂದ ಇದರ ಸ್ವರೂಪವು ತಿಳಿಯುವುದು: ಪಟ್ಟಿಯಲ್ಲಿದ್ದವರು ಸುಮಾರು 20,000 ಮಂದಿ. ಸರದಿಯ ಮೇಲೆ ಕೆಲವರು ಕೋಟೆ ಠಾಣೆಗಳ ಕಾವಲಿಗೆ ನಿಲ್ಲುವರು. ಉಳಿದವರು ಅಷ್ಟು ಕಾಲ ತಮ್ಮ ಊರಿನಲ್ಲಿ ಬೇಸಾಯದಲ್ಲಿರುವರು.

ಇದನ್ನು ಬರಿಯ ದಯೆಯೆಂದು ನಾವು ಹೊಗಳಲಾರೆವು. ಸರಕಾರದ ಭಯವೂ ಇದರಲ್ಲಿ ಉಂಟು. ಆದರೂ ಇದರ ಫಲವು ಮನೆಯವರಿಗೂ ತಟ್ಟಿತು. ದಂಡಿನಿಂದ ಬಂದವನು ಒಂದೇ ದಿನದಲ್ಲಿ ರೈತನಾಗಬೇಕೆಂಬ ಬಲವಂತವಿರಲಿಲ್ಲ. ಆತನಿಲ್ಲದ ವರ್ಷಗಳಲ್ಲಿ ಬಿತ್ತನೆ, ಸಾಲ, ಮಕ್ಕಳ ಮದುವೆ ಎಲ್ಲವನ್ನೂ ನಿರ್ವಹಿಸಿದ ಹೆಂಡತಿಗೋ ತಮ್ಮನಿಗೋ, ಹಿಂದಿರುಗಿದ ಯಜಮಾನನ ಅಪ್ಪಣೆಗಳು ಹಗುರವಾಗಿ ತೋರಿರಲಾರವು. ಮತ್ತೆ ಸರದಿ ಬಂದಾಗ ಆತನು ಹೊರಟು ನಿಲ್ಲುವುದೂ ಒಂದು ಬಗೆಯ ಉಪಶಮನವೇ ಆಗಿದ್ದಿರಬೇಕು! 1800ರಲ್ಲಿ ಈ ಸೀಮೆಯನ್ನು ಹಾದುಹೋದ ಬುಕಾನನ್ ಎಂಬ ವೈದ್ಯನು ಮಣ್ಣು, ಬೆಳೆ, ಕಂದಾಯಗಳನ್ನು ಎಷ್ಟು ಶ್ರದ್ಧೆಯಿಂದ ವಿಚಾರಿಸಿದನು! ಮನೆಯ ಜಗಲಿಯಲ್ಲಿ ಸುಮ್ಮನೆ ಕುಳಿತ ಸಿಪಾಯಿಯನ್ನೂ ಒಂದು ಮಾತು ಕೇಳಿದ್ದರೆ ನಮಗೆ ಎಷ್ಟು ಉಪಕಾರವಾಗುತ್ತಿತ್ತು.

ಕಾಲಕ್ರಮದಲ್ಲಿ ಕಂದಾಚಾರದವರು ಯುದ್ಧವನ್ನು ಮರೆತು, ಅಮಲ್ದಾರರ ಕೈಕೆಳಗೆ ಕಂದಾಯ, ಪೋಲೀಸುಗಳ ಕೆಲಸಕ್ಕೆ ಸಂದರು. ಕತ್ತಿಯು ಮನೆಯ ತೊಲೆಯನ್ನು ಸೇರಿತು.