ಅಣ್ಣಾವ್ರಿಗೆ ಹೆಂಡತಿಯೂ ಆದರು, ತಾಯಿಯೂ ಆದರು: ಪಂಡರಿಬಾಯಿ ಕತೆ

ನಮ್ಮ ಕೊಳ್ಳೇಗಾಲ, ಹನೂರು, ಯಳಂದೂರು ಕಡೆ ಅಣ್ಣಾವ್ರ ಕತೆಯನ್ನು ಯಾರೂ ಯಾರಿಗೂ ಹೇಳಿಕೊಡಬೇಕಾಗಿಲ್ಲ. ಸಿಂಗಾನಲ್ಲೂರಿನ ಪುಟ್ಟಸ್ವಾಮಯ್ಯನವರ ಮಗ, ಗುಬ್ಬಿ ಕಂಪನಿಯ ನಟ, 1954ರ ‘ಬೇಡರ ಕಣ್ಣಪ್ಪ’ದ ನಾಯಕ ಎಂಬುದೆಲ್ಲ ಬಾಯಿಪಾಠ. ಆದರೆ ಆ ಚಿತ್ರದಲ್ಲಿ ಅವರ ಹೆಂಡತಿ ನೀಲಳ ಪಾತ್ರ ಮಾಡಿದವರು ಯಾರು ಅಂದರೆ ಹಿರಿಯರಷ್ಟೇ ಉತ್ತರ ಹೇಳುತ್ತಾರೆ. ಅವರು ಪಂಡರಿಬಾಯಿ.

ಪಂಡರಿಬಾಯಿ ಹುಟ್ಟಿದ್ದು 1928ರಲ್ಲಿ, ಉತ್ತರ ಕನ್ನಡದ ಭಟ್ಕಳದಲ್ಲಿ. ಚಿಕ್ಕಂದಿನಲ್ಲೇ ಪೌರಾಣಿಕ ನಾಟಕಗಳಲ್ಲಿ ಬಣ್ಣ ಹಚ್ಚಿದರು. 1943ರಲ್ಲಿ ಕೆ. ಹಿರಣ್ಣಯ್ಯನವರ ‘ವಾಣಿ’ ಚಿತ್ರದ ಮೂಲಕ ತೆರೆಗೆ ಬಂದಾಗ ಅವರಿಗಿನ್ನೂ ಹದಿನೈದರ ಆಸುಪಾಸು.

ಆಗ ಕನ್ನಡ ಸಿನಿಮಾ ತಯಾರಾಗಬೇಕಾದರೂ ಹೆಚ್ಚಾಗಿ ಮದ್ರಾಸಿಗೇ ಹೋಗಬೇಕಿತ್ತು. ಸ್ಟುಡಿಯೋಗಳು ಇದ್ದದ್ದು ಅಲ್ಲಿ. ನಮ್ಮ ಕೊಳ್ಳೇಗಾಲವೂ 1956ರವರೆಗೆ ಮದ್ರಾಸ್ ಆಡಳಿತದ ಕೊಯಮತ್ತೂರು ಜಿಲ್ಲೆಗೇ ಸೇರಿತ್ತು. ಎರಡು ಭಾಷೆಯ ನಡುವೆ ಬದುಕುವುದು ನಮ್ಮವರಿಗೆ ಹೊಸದಲ್ಲ. ಪಂಡರಿಬಾಯಿ ಬದುಕಿದ್ದೂ ಹಾಗೆಯೇ. 1952ರಲ್ಲಿ ಬಂದ ತಮಿಳಿನ ‘ಪರಾಶಕ್ತಿ’ ಶಿವಾಜಿ ಗಣೇಶನ್ ಅವರ ಮೊದಲ ಚಿತ್ರ. ಅದರ ನಾಯಕಿ ಪಂಡರಿಬಾಯಿ. ಎರಡು ವರ್ಷ ಬಿಟ್ಟು ಬಂದ ‘ಬೇಡರ ಕಣ್ಣಪ್ಪ’ ರಾಜ್‌ಕುಮಾರ್ ನಾಯಕರಾದ ಮೊದಲ ಚಿತ್ರ. ಅದಕ್ಕೂ ಅವರೇ ನಾಯಕಿ. ಇಬ್ಬರು ಮಹಾನಟರು ಹೊಸಬರಾಗಿ ಕ್ಯಾಮೆರಾ ಮುಂದೆ ನಿಂತಾಗ, ಎದುರಿಗೆ ನಿಂತ ಅನುಭವಿ ಕಲಾವಿದೆ ಈಕೆ.

ಅದೇ 1954ರಲ್ಲಿ ಎಸ್. ಬಾಲಚಂದರ್ ಹಾಡೇ ಇಲ್ಲದ ‘ಅಂದ ನಾಳ್’ ಎಂಬ ತಮಿಳು ಚಿತ್ರ ಮಾಡಿದರು. ದೇಶದ್ರೋಹಿಯಾದ ಗಂಡನ ಹೆಂಡತಿಯಾಗಿ ಅದರಲ್ಲಿ ನಟಿಸಿದವರೂ ಪಂಡರಿಬಾಯಿಯೇ. ಮರುವರ್ಷ ಕನ್ನಡದ ‘ಸಂತ ಸಖು’, 1957ರಲ್ಲಿ ‘ರಾಯರ ಸೊಸೆ’. ಈ ಎರಡರಲ್ಲೂ ತಂಗಿ ಮೈನಾವತಿ ಜೊತೆಗಿದ್ದರು. 1965ರ ‘ಸತ್ಯ ಹರಿಶ್ಚಂದ್ರ’ದಲ್ಲಿ ರಾಜ್‌ಕುಮಾರ್ ಹರಿಶ್ಚಂದ್ರ, ಪಂಡರಿಬಾಯಿ ಚಂದ್ರಮತಿ.

ಮುಂದೆ ಏನಾಯಿತು ನೋಡಿ. 1986ರಲ್ಲಿ ‘ಅನುರಾಗ ಅರಳಿತು’ ಬಂತು. ರಾಜ್‌ಕುಮಾರ್ ಆಗಲೂ ನಾಯಕ, ಪಂಡರಿಬಾಯಿ ಅವರ ತಾಯಿ! ಅಣ್ಣಾವ್ರು ಹುಟ್ಟಿದ್ದು 1929ರಲ್ಲಿ. ಅಂದರೆ ತೆರೆಯ ಮೇಲಿನ ತಾಯಿ ಮಗನಿಗಿಂತ ಒಂದು ವರ್ಷವೂ ದೊಡ್ಡವರಲ್ಲ. ಇದೇ ಕತೆ 1992ರಲ್ಲಿ ತಮಿಳಿನಲ್ಲಿ ‘ಮನ್ನನ್’ ಆದಾಗ ರಜನೀಕಾಂತ್‌ಗೂ ಅವರೇ ತಾಯಿ.

ಇದರಲ್ಲಿ ಅಣ್ಣಾವ್ರ ತಪ್ಪೇನೂ ಇಲ್ಲ. ಗಂಡಸಿಗೆ ಐವತ್ತಾದರೂ ನಾಯಕನ ಕತೆ ಬರೆಯುವವರಿದ್ದರು. ಹೆಂಗಸಿಗೆ ನಲವತ್ತು ದಾಟಿದರೆ ಉಳಿಯುತ್ತಿದ್ದದ್ದು ತಾಯಿ, ಅತ್ತೆ, ಅಜ್ಜಿ ಪಾತ್ರ. ಪಂಡರಿಬಾಯಿ ಆ ಪಾತ್ರಗಳನ್ನೇ ಹಿಡಿದು ಗಟ್ಟಿಯಾಗಿ ನಿಂತರು. 2003ರಲ್ಲಿ ಚೆನ್ನೈನಲ್ಲಿ ತೀರಿಕೊಳ್ಳುವ ಹೊತ್ತಿಗೆ ಜನ ಅವರನ್ನು ನೆನೆಯುತ್ತಿದ್ದದ್ದು ‘ಸಿನಿಮಾದ ಅಮ್ಮ’ ಅಂತ. ನಾಯಕಿಯಾಗಿ ಮೆರೆದ ವರ್ಷಗಳು ಹಿಂದೆ ಸರಿದಿದ್ದವು.

ಈ ಕತೆ ನಮಗೆ ಯಾಕೆ ಬೇಕು? ನಮ್ಮೂರುಗಳಲ್ಲಿ ಇವತ್ತಿಗೂ ‘ಕುರುಕ್ಷೇತ್ರ’ ಆಡುತ್ತೇವೆ. ಕೃಷ್ಣ, ದುರ್ಯೋಧನ ನಮ್ಮೂರ ಹುಡುಗರೇ. ಅವರ ಫೋಟೋ ಫ್ಲೆಕ್ಸ್‌ನಲ್ಲಿ ದೊಡ್ಡದಾಗಿ ಇರುತ್ತದೆ. ದ್ರೌಪದಿ, ಕುಂತಿ ಪಾತ್ರಕ್ಕೆ ಹೊರಗಿನಿಂದ ಕಲಾವಿದೆಯರನ್ನು ಕರೆಸುತ್ತೇವೆ. ರಾತ್ರಿಯಿಡೀ ಹಾಡಿ, ತಪ್ಪುವ ಹುಡುಗರಿಗೆ ಮಾತು ಎತ್ತಿಕೊಟ್ಟು, ನಾಟಕ ದಡ ಸೇರಿಸುವವರು ಎಷ್ಟೋ ಸಲ ಅವರೇ. ಬೆಳಗಾದರೆ ಅವರ ಹೆಸರು ಯಾರಿಗೂ ನೆನಪಿರುವುದಿಲ್ಲ.

ಮುಂದಿನ ಹಬ್ಬದ ನಾಟಕಕ್ಕೆ ಫ್ಲೆಕ್ಸ್ ಮಾಡಿಸುವಾಗ ಅವರ ಹೆಸರು, ಫೋಟೋ ಕೂಡ ಹಾಕಿಸಿ. ಮೈಕ್‌ನಲ್ಲಿ ಒಮ್ಮೆ ಕೂಗಿ ಹೇಳಿ. ಅದಕ್ಕೆ ಖರ್ಚೇನೂ ಇಲ್ಲ.